ಆನ್ಸೆಲ್ಮನ ಇನ್ನೊಂದು ಟೇಕ್

ಬೆಲ್ವಿಲ್ ಬಡಾವಣೆಯ ನಮ್ಮ ಕೆಫೆಗೆ ದಿನಾ ಬರುವ ಆನ್ಸೆಲ್ಮ್ ಹರೆಯದಿಂದಲೂ ಸಿನಿಮಾ ನಟ. ಚಿತ್ರೋತ್ಸವಗಳಲ್ಲಿ ಬಹುಮಾನ ಗೆಲ್ಲುವ, ನಮ್ಮ ಬೀದಿಯಲ್ಲಿ ಒಬ್ಬರಿಗೂ ತಲೆಬುಡ ತಿಳಿಯದ ಸಿನಿಮಾಗಳು ಅವನವು. "ಅಲ್ಲಯ್ಯಾ, ಕೊನೇಲಿ ನೀನು ಸತ್ತೋದ್ಯಾ, ಇಲ್ಲಾ ನಿದ್ದೆ ಹೋದ್ಯಾ?" ಎಂದು ನಾನು ಕೇಳಿದರೆ, "ನಂಗೂ ಯಾರೂ ಹೇಳ್ಲಿಲ್ಲ ಕಣಮ್ಮ. ಇನ್ನೊಂದ್ಸಲ ಮಲಕ್ಕೋ ಅಂದ್ರು, ಮಲಕ್ಕೊಂಡೆ" ಎನ್ನುತ್ತಾನೆ. ಕಾರಣ ಹೇಳದೆ ಒಂದೇ ದೃಶ್ಯವನ್ನು ಮಾಡಿಸಿ ಮಾಡಿಸಿ ನಿರ್ದೇಶಕರು ಅವನನ್ನು ಹಾಗೆ ಪಳಗಿಸಿದ್ದಾರೆ. ಕಾಫಿ ಕುಡಿದು ಕಪ್ಪು ಕೆಳಗಿಟ್ಟರೂ "ಸರಿ ಬಂತಾ?" ಎಂಬಂತೆ ನನ್ನ ಮುಖ ನೋಡುತ್ತಾನೆ, ನಾನು ತಲೆಯಾಡಿಸಿದ ಮೇಲೆಯೇ ಏಳುವುದು. ಹೋದ ತಿಂಗಳು ಹೆಂಡತಿ ಒದೀಲಳ ಶವಪೆಟ್ಟಿಗೆಯ ಮೇಲೆ ಗುಲಾಬಿ ಹಾಕಿದವನು ಅಲ್ಲೇ ನಿಂತುಬಿಟ್ಟ. ಆಮೇಲೆ ಹಿಂದೆ ಸಾಲುಗಟ್ಟಿದ್ದ ನಮ್ಮತ್ತ ತಿರುಗಿ, "ಸರಿ ಬರ್ಲಿಲ್ಲ, ಅಲ್ವಾ? ಮೊದಲಿಂದ ಮಾಡೋಣ್ವಾ?" ಎಂದ.