ದೇವದುರ್ಗದ ಹತ್ತಿ ಹೋದ ದಾರಿ

೧೯೮೩ರ ಜನವರಿ. ರಾಯಚೂರಿನಲ್ಲಿ ಚಳಿಯೆಂಬುದು ಬೆಳಗಿನ ಹೊತ್ತು ಮಾತ್ರ; ಬಿಸಿಲೇರಿದರೆ ಸ್ವೆಟರ್ ಹಾಕಿದವರು ಬೆವರುತ್ತಾರೆ. ಅಂಥ ಒಂದು ಬೆಳಿಗ್ಗೆ ನಮ್ಮ ಕಾಲೇಜಿನ ಕನ್ನಡ ಮಾಧ್ಯಮದ ಬಿ.ಎ. ವಿದ್ಯಾರ್ಥಿಗಳು ಹತ್ತು-ಹನ್ನೆರಡು ಮಂದಿ, ಅವರಿಗೆ ಇತಿಹಾಸ ಕಲಿಸುವ ನಾನು, ನಮ್ಮ ವಿಭಾಗದ ಮುಖ್ಯಸ್ಥರಾದ ವೀರಭದ್ರಪ್ಪ ಸರ್ ಮೂರು ದಿನದ ಪ್ರವಾಸಕ್ಕೆ ಹೊರಟೆವು. ಹಂಪಿಗೂ ಅಲ್ಲ, ಬಿಜಾಪುರಕ್ಕೂ ಅಲ್ಲ. ಮಾನ್ವಿಗೆ, ಅಲ್ಲಿಂದ ಸಿರವಾರದ ಮೇಲೆ ದೇವದುರ್ಗಕ್ಕೆ. ಮನೆಯಲ್ಲಿ ಹೇಳಿದಾಗ ನನ್ನ ಅವ್ವ ನಕ್ಕಿದ್ದಳು. "ಅಲ್ಲೇನು ನೋಡಾದು ಅದ? ಹೊಲ ಅದಾವ, ಬಿಸಲು ಅದ."

ಹೊರಡಲು ಒಂದು ಕಾರಣವಿತ್ತು. ಜಗತ್ತಿನಲ್ಲಿ ಬಂಡವಾಳಶಾಹಿ ಬೆಳೆದುಬಂದ ಇತಿಹಾಸವನ್ನು ಆ ವರ್ಷ ಮೊದಲ ಬಾರಿಗೆ ಕನ್ನಡದಲ್ಲಿ ಕಲಿಸುತ್ತಿದ್ದೆವು. ಪುಸ್ತಕಗಳಿರಲಿಲ್ಲ. ನಾನೇ ಪಾಠ ಬರೆದುಕೊಂಡು ಹೋಗುತ್ತಿದ್ದೆ. ವೀರಭದ್ರಪ್ಪ ಸರ್ ಒಳ್ಳೆಯವರು, ಆದರೆ ಈ ವಿಷಯ ಕನ್ನಡದಲ್ಲಿ ಆಗದ ಮಾತೆಂದು ಅವರ ಎಣಿಕೆ. ಮುಂದಿನ ವರ್ಷದಿಂದ ಅದನ್ನು ಇಂಗ್ಲಿಷ್ ಮಾಧ್ಯಮಕ್ಕಷ್ಟೇ ಉಳಿಸಬೇಕೆಂದು ಪ್ರಾಂಶುಪಾಲರಿಗೆ ಬರೆಯುವವರಿದ್ದರು.

"ನಿಮ್ಮ ಮ್ಯಾಲೆ ನಂಬಿಕಿ ಅದ ಶಾಂತಾಬಾಯಿ," ಎಂದಿದ್ದರು. "ಆದ್ರ ನಮ್ಮ ಹುಡುಗ್ರು ಗುಂತಕಲ್ ದಾಟಿಲ್ಲ. ಹಡಗು, ವಸಾಹತು, ಲಂಡನ್, ಇವೆಲ್ಲ ಹೆಂಗ ತಿಳೀತಾವ?"

"ಲಂಡನ್ನಿಗೆ ಹೋಗಾದು ಬ್ಯಾಡ್ರಿ ಸರ್. ದೇವದುರ್ಗಕ್ಕ ಹೋಗಿ ಬರಾಮ್ರಿ," ಎಂದೆ. ಅವರು ಒಪ್ಪಿ ತಾವೂ ಬಂದರು.

ಬಸ್ ಹತ್ತುವ ಮೊದಲು ಹತ್ತಿ-ಕಾಳು ಮಾರುವ ಗಂಜಿನ ಕಡೆಯ ಒಂದು ಜಿನ್ನಿಂಗ್ ಮಿಲ್ಲಿಗೆ ಹೋದೆವು. ಹತ್ತಿಯಿಂದ ಬೀಜ ಬಿಡಿಸುವ ಯಂತ್ರಗಳ ಸದ್ದಿಗೆ ಒಬ್ಬರ ಮಾತು ಒಬ್ಬರಿಗೆ ಕೇಳುತ್ತಿರಲಿಲ್ಲ. ಗಾಳಿಯ ತುಂಬ ಅರಳೆಯ ಎಳೆಗಳು ತೇಲುತ್ತಿದ್ದವು. ಹೊರಗೆ ಬಂದು, ಒತ್ತಿ ಕಟ್ಟಿದ ಬೇಲುಗಳ ನೆರಳಿನಲ್ಲಿ ನಿಂತು ನಾನು ಹೇಳಿದೆ: ಅಮೆರಿಕದಲ್ಲಿ ಆಫ್ರಿಕದಿಂದ ಹಿಡಿದು ತಂದ ಗುಲಾಮರು ಹತ್ತಿ ಬಿಡಿಸುತ್ತಿದ್ದರು, ಅದು ಇಂಗ್ಲೆಂಡಿನ ಗಿರಣಿಗಳಿಗೆ ಹೋಗುತ್ತಿತ್ತು. ಅಲ್ಲಿ ಅಂತರ್ಯುದ್ಧ ನಡೆದು ಹತ್ತಿ ನಿಂತಾಗ ಗಿರಣಿಯವರ ಕಣ್ಣು ನಮ್ಮ ಎರೆಭೂಮಿಯ ಮೇಲೆ ಬಿತ್ತು. ಬೆಲೆ ಏರಿತು, ಯುದ್ಧ ಮುಗಿದಾಗ ಇಳಿಯಿತು. ಆಮೇಲೆ ರಾಯಚೂರಿಗೆ ರೈಲು ಬಂತು. ಹತ್ತಿ ಮುಂಬೈಗೆ ಹೋಗಿ ಹಡಗು ಹತ್ತಿತು, ಬಟ್ಟೆಯಾಗಿ ತಿರುಗಿ ಬಂತು. ಬಂದ ಬಟ್ಟೆ ಅಗ್ಗವಾಗಿತ್ತು, ನಮ್ಮ ಊರೂರ ಮಗ್ಗಗಳು ಒಂದೊಂದಾಗಿ ನಿಂತವು.

ಮಾನ್ವಿಗೆ ನಮ್ಮ ಸರಕಾರಿ ಬಸ್ಸು ಒಂದೂವರೆ ತಾಸು ತೆಗೆದುಕೊಂಡಿತು. ನಿಲ್ದಾಣದ ಹತ್ತಿರ ಮಂಡಕ್ಕಿಯ ಒಗ್ಗರಣಿ, ಮಿರ್ಚಿ ತಿಂದು ಕಾಲುವೆಯ ಕಡೆ ನಡೆದೆವು. ತುಂಗಭದ್ರೆಯ ನೀರು ಬಂದು ಬಹಳ ವರ್ಷವಾಗಿರಲಿಲ್ಲ. ಜೋಳದ ನಾಡಿನಲ್ಲಿ ಭತ್ತದ ಗದ್ದೆ ನೋಡಿದವರು ಆಗಲೂ ಒಮ್ಮೆ ನಿಂತು ನೋಡುತ್ತಿದ್ದರು. ಅಕ್ಕಿ ಗಿರಣಿಯೊಂದರ ಮಾಲೀಕರು, ಹಣೆಯ ಮೇಲೆ ವಿಭೂತಿ ಧರಿಸಿದ ಹಿರಿಯರು, ಎಲ್ಲರಿಗೂ ಚಹಾ ಕೊಡಿಸಿದರು.

"ನಮ್ಮಪ್ಪ ಜ್ವಾಳದ ಯಾಪಾರ ಮಾಡ್ತಿದ್ದ. ಕಾಲುವಿ ಬಂತು, ನಾ ಗಿರಣಿ ಹಾಕೀನಿ," ಎಂದರು.

ಅಲ್ಲಿಯವರೆಗೆ ಬಾಯಿ ಬಿಡದಿದ್ದ ದೇವಮ್ಮ ಎಂಬ ಹುಡುಗಿ ಕೇಳಿದಳು. "ಕಾಲುವಿ ಬರಾಕಿಂತ ಮುಂಚೆ ಈ ಹೊಲ ಯಾರವಿದ್ವುರಿ?"

ಅವರು ಸತ್ಯವನ್ನೇ ಹೇಳಿದರು. "ಇದೇ ಊರವ್ರದವ್ವಾ. ನೀರು ಬಂದ್ರ ಸಾಕಾಗಾಂಗಿಲ್ಲ. ಹೊಲ ಸಮ ಮಾಡಿ ಮಡಿ ಕಟ್ಟಬೇಕು, ಗೊಬ್ಬರ ಹಾಕಬೇಕು. ಕೈಯಾಗ ಇದ್ದವ್ರು ಮಾಡಿದ್ರು, ಇಲ್ಲದವ್ರು ಮಾರಿದ್ರು."

"ಅಂದ್ರ ಬಂಡವಾಳ ಇದ್ದವ್ರಿಗೆ ನೀರು ಬಂತು," ಎಂದಳು ದೇವಮ್ಮ. ವೀರಭದ್ರಪ್ಪ ಸರ್ ತಿರುಗಿ ಅವಳನ್ನು ನೋಡಿದರು.

ಅಂದು ರಾತ್ರಿ ಮಾನ್ವಿಯ ಶಾಲೆಯೊಂದರ ಕೋಣೆಗಳಲ್ಲಿ ತಂಗಿದೆವು. ದೇವಮ್ಮ ನನ್ನ ಪಕ್ಕದಲ್ಲಿ ಚಾಪೆ ಹಾಸಿಕೊಂಡಳು. ದೇವದುರ್ಗ ಅವಳ ಊರು. ಆದರೆ ಪ್ರವಾಸದ ಹೆಸರು ಎತ್ತಿದಾಗಿನಿಂದ ಅವಳಿಗೆ ಮನಸ್ಸಿರಲಿಲ್ಲ. ಯಾಕೆಂದು ಕೇಳಿದೆ.

ಅವಳ ಅಪ್ಪ ಮಾರೆಪ್ಪ ಮುಂಬೈಯ ಗಿರಣಿಯೊಂದರ ನೂಲುವ ವಿಭಾಗದಲ್ಲಿ ಕೆಲಸಕ್ಕಿದ್ದರು. ಕೂಲಿಯವರ ಕೇರಿಯಿಂದ ಗಿರಣಿ ನೌಕರಿಗೆ ಸೇರಿದವರು ಅವರೊಬ್ಬರೇ. ಊರಿಗೆ ಬಂದಾಗ ಜನ ಎದ್ದು ನಿಂತು ಮಾತಾಡಿಸುತ್ತಿದ್ದರು. ಮಗಳು ಕಾಲೇಜು ಹತ್ತಿದ್ದೂ ಆ ನೌಕರಿಯಿಂದಲೇ. ಹಿಂದಿನ ವರ್ಷ ಮುಂಬೈ ಗಿರಣಿಗಳಲ್ಲಿ ದೊಡ್ಡ ಮುಷ್ಕರ ಶುರುವಾಯಿತು. ತಿಂಗಳುಗಳು ಕಳೆದರೂ ಅದು ಮುಗಿಯದೆ ಅವರು ಊರಿಗೆ ಮರಳಿದ್ದರು.

"ಮನಿ ಬಿಟ್ಟು ಹೊರಗ ಬರಾಂಗಿಲ್ರಿ ಮೇಡಂ. ನೌಕರಿ ಉಳಿಸ್ಕೊಳ್ಳಾಕ ಬರಲಿಲ್ಲ ಅಂತ ಮಂದಿ ಆಡ್ಕೋತಾರ. ಅಪ್ಪನೂ ಹಂಗ ಅನಕೊಂಡಾನ. ನೀವೆಲ್ಲ ಬಂದು ನೋಡಿದ್ರ ಅವಗ ಇನ್ನೂ ಕೆಟ್ಟ ಅನಸ್ತದ."

ಬೇಡವೆಂದರೆ ಸಿರವಾರದಿಂದಲೇ ತಿರುಗೋಣ ಎಂದೆ. ಅವಳು ಎದ್ದು ಕೂತಳು. "ಇಲ್ರಿ, ಹೋಗಾಮು," ಎಂದಳು.

ಎರಡನೆಯ ದಿನ ಸಿರವಾರದಲ್ಲಿ ಬಸ್ ಬದಲಿಸಿದೆವು. ಅಲ್ಲಿಂದ ಮುಂದೆ ಹಸಿರು ಕಡಿಮೆಯಾಗಿ, ಕಪ್ಪು ನೆಲ, ಬಿಳಿ ಹತ್ತಿ, ಸಾಲು ಹಿಡಿದು ಬಿಡಿಸುವ ಹೆಣ್ಣುಮಕ್ಕಳು. ಮಧ್ಯಾಹ್ನ ದೇವದುರ್ಗ ಮುಟ್ಟಿದಾಗ ದೇವಮ್ಮನ ತಾಯಿ ಕೇರಿಯಲ್ಲಿ ಎಲ್ಲರಿಗೂ ರೊಟ್ಟಿ, ಪುಂಡಿ ಪಲ್ಯ, ಶೇಂಗಾ ಹಿಂಡಿ ಮಾಡಿಟ್ಟಿದ್ದಳು. ವೀರಭದ್ರಪ್ಪ ಸರ್ ಮೂರನೆಯ ರೊಟ್ಟಿ ಕೇಳಿ ಹಾಕಿಸಿಕೊಂಡರು. ಮಾರೆಪ್ಪ ನಮಸ್ಕಾರ ಮಾಡಿದವರು ಒಳಗೆ ಹೋಗಿಬಿಟ್ಟರು.

ಸಂಜೆ ಹೊಲದಿಂದ ಬಂದವರು ಬೇವಿನ ಮರದ ಕಟ್ಟೆಯ ಸುತ್ತ ಸೇರಿದರು. ಕಾಲೇಜಿನವರು ಏನೋ ಹೇಳುತ್ತಾರಂತೆ ಎಂಬ ಸುದ್ದಿ ಹಬ್ಬಿತ್ತು. ನಾನು ಎದ್ದು ನಿಲ್ಲುವಷ್ಟರಲ್ಲಿ ಸರ್ ತಡೆದರು. "ನೀವು ಬ್ಯಾಡ. ಕಲತವ್ರು ಹೇಳಲಿ." ದೇವಮ್ಮ ಎದ್ದಳು. ಅವಳ ಅಪ್ಪ ಹಿಂದೆ, ಗೋಡೆಗೆ ಒರಗಿ ನಿಂತಿದ್ದರು.

ಮೊದಮೊದಲು ನನ್ನ ಪಾಠವನ್ನೇ ಒಪ್ಪಿಸಿದಳು. ಆಮೇಲೆ ಅದನ್ನು ಬಿಟ್ಟು ತನ್ನ ಮಾತಿನಲ್ಲೇ ಹೇಳತೊಡಗಿದಳು.

"ನೀವು ಇವತ್ತು ಬಿಡಿಸಿದ ಹತ್ತಿ ಎಲ್ಲಿಗಿ ಹೋಗ್ತದ? ರಾಯಚೂರಿಗಿ. ಮುಂದ ಮುಂಬೈಗಿ. ಹಿಂದಕ ಅಲ್ಲಿಂದ ಹಡಗಿನ್ಯಾಗ ಇಂಗ್ಲೆಂಡಿಗಿ ಹೋಗ್ತಿತ್ತು. ರೊಕ್ಕ ಹಾಕಾವ ಲಾಭ ಎಲ್ಲಿ ಅದ ನೋಡ್ತಾನ. ಬಂದ ಲಾಭ ತಿರುಗಿ ಹಾಕ್ತಾನ. ಅಂಥ ರೊಕ್ಕಕ್ಕ ಬಂಡವಾಳ ಅಂತಾರ. ಅದಕ್ಕ ಊರು ಇಲ್ಲ. ಇವತ್ತು ಇಲ್ಲಿ ಅದ, ನಾಳಿ ಹೆಚ್ಚು ಲಾಭ ಸಿಗಾ ಕಡಿ ಹೋಗ್ತದ. ಕೆಲಸದವ್ರು ಅಲ್ಲೇ ಉಳೀತಾರ."

ಕಟ್ಟೆಯ ಮೇಲಿದ್ದ ಹಿರಿಯರೊಬ್ಬರು ಕೇಳಿದರು. "ಹಂಗಾದ್ರ ಮುಂಬೈ ಗಿರಣಿ ಯಾಕ ನಿಂತಾವವ್ವಾ? ಕೆಲಸಗಾರ್ರು ಮೈಗಳ್ಳರಾದ್ರು ಅಂತಾರ."

ದೇವಮ್ಮ ಅಪ್ಪನ ಕಡೆ ನೋಡಲಿಲ್ಲ. "ನಮ್ಮ ಮಗ್ಗ ನಿಂತಾಗ ನೇಯವ್ರು ಮೈಗಳ್ಳರಿದ್ರೇನು, ತಾತಾ? ಹಗಲೆಲ್ಲ ನೇಯ್ತಿದ್ರು. ಅವರ ಕೈ ಸೋತಿಲ್ಲ, ಅಗ್ಗದ ಬಟ್ಟಿ ಬಂತು. ಮುಂಬೈದಾಗೂ ಹಂಗ. ಹಳೇ ಮಿಷನ್ ಬದಲಿ ಮಾಡಲಿಲ್ಲ. ಲಾಭ ಬ್ಯಾರೆ ಕಡಿ ಹಾಕಿದ್ರು. ಸಣ್ಣ ಊರಿನ ಪವರ್‌ಲೂಮ್‌ನಾಗ ಕೂಲಿ ಕಡಿಮಿ, ಕೆಲಸ ಅಲ್ಲಿಗಿ ಹೋಯ್ತು. ಕೆಲಸಗಾರ್ರು ಹೊಟ್ಟಿಗಿ ಸಾಲವಲ್ದು ಅಂತ ಕೇಳಿದ್ರು. ಕೇಳಾದು ತಪ್ಪೇನು?"

ಗೋಡೆಯ ಬಳಿಯಿಂದ ಮಾರೆಪ್ಪ ಮುಂದೆ ಬಂದರು. ಮಗಳ ಪಕ್ಕ ನಿಂತು, ತಮ್ಮವರನ್ನು ನೋಡಿ ಹೇಳಿದರು.

"ನನ್ನ ಯಾರೂ ಹೊರಗ ಹಾಕಿಲ್ಲ. ಮುಷ್ಕರ ಬಿಟ್ಟು ಒಳಗ ಬಾ, ಕೆಲಸ ಕೊಡ್ತೀವಿ ಅಂತ ಗಿರಣಿಯವ್ರು ಕರದ್ರು. ಲಕ್ಷಗಟ್ಟಲೆ ಮಂದಿ ಹೊರಗ ನಿಂತಾಗ ನಾ ಒಬ್ಬವ ಹೆಂಗ ಒಳಗ ಹೋಗ್ಲಿ? ಹೋಗಲಿಲ್ಲ. ಅದಕ್ಕ ಊರಿಗಿ ಬಂದೀನಿ. ಇದನ್ನ ಯಾರಿಗಿ ಹೇಳಲಿ, ತಿಳೀತದೋ ಇಲ್ಲೋ ಅಂತ ಸುಮ್ನಿದ್ದೆ."

ದೇವಮ್ಮ ಬೆರಗಾಗಿ ನೋಡುತ್ತಿದ್ದಳು. ಅವಳಿಗೂ ಇದು ಗೊತ್ತಿರಲಿಲ್ಲ. ಪ್ರಶ್ನೆ ಕೇಳಿದ್ದ ಹಿರಿಯರು ಕಟ್ಟೆಯ ಮೇಲೆ ಸರಿದು ಜಾಗ ಮಾಡಿದರು. "ಬಾ ಮಾರೆಪ್ಪ, ಇಲ್ಲಿ ಕುಂದ್ರು," ಎಂದರು. ಅವರು ಹೋಗಿ ಕೂತರು. ಆಮೇಲೆ ಹೆಣ್ಣುಮಕ್ಕಳು ಒಬ್ಬರ ಮೇಲೊಬ್ಬರು ಪ್ರಶ್ನೆ ಕೇಳಿದರು: ಅಮೆರಿಕದಲ್ಲಿ ಹತ್ತಿ ಬಿಡಿಸುತ್ತಿದ್ದವರು ಯಾರು, ಅವರ ಮಕ್ಕಳು ಈಗ ಎಲ್ಲಿದ್ದಾರೆ, ಓದುತ್ತಾರೆಯೇ. ನಮ್ಮ ಹುಡುಗರೆಲ್ಲ ಸರದಿಯಲ್ಲಿ ಉತ್ತರ ಕೊಟ್ಟರು. ಗೊತ್ತಿಲ್ಲದ್ದನ್ನು ಗೊತ್ತಿಲ್ಲವೆಂದರು. ಅಷ್ಟು ಹೊತ್ತಿಗೆ ಹನ್ನೆರಡು ವರ್ಷ ಪಾಠ ಹೇಳಿದ್ದೆ. ಅಂಥ ತರಗತಿಯನ್ನು ನಾನು ಅದಕ್ಕೆ ಮೊದಲು ನೋಡಿರಲಿಲ್ಲ. ನಾನೂ ಅಂಥದೇ ಕೇರಿಯಲ್ಲಿ ಹುಟ್ಟಿದವಳು.

ಮೂರನೆಯ ದಿನ ಬೆಳಿಗ್ಗೆ ಗಬ್ಬೂರಿನ ಮೇಲೆ ರಾಯಚೂರಿಗೆ ಹೋಗುವ ಬಸ್ಸಿಗೆ ಬಂದೆವು. ವೀರಭದ್ರಪ್ಪ ಸರ್ ನನ್ನ ಮುಂದಿನ ಸೀಟಿನಲ್ಲಿ ಕೂತು, ಅರ್ಧ ತಿರುಗಿ, "ಮುಂದಿನ ವರ್ಷ ಈ ಪಾಠ ಇಬ್ಬರೂ ಕೂಡಿ ಕನ್ನಡದಾಗ ಹೇಳಾಮು. ನನಗೂ ಸ್ವಲ್ಪ ಕಲಿಸ್ರಿ," ಎಂದರು. ಅದನ್ನು ಅವರು ನಡೆಸಿಯೂ ಕೊಟ್ಟರು.

ಬಿಳಿಯ ಅಂಗಿ ತೊಟ್ಟು ಮಾರೆಪ್ಪ ನಮ್ಮನ್ನು ಕಳಿಸಲು ಬಂದಿದ್ದರು. ಬಸ್ಸಿನ ಕಂಡಕ್ಟರ್ ಇಷ್ಟು ಮಂದಿಯನ್ನು ಕಂಡು, ಇವರೆಲ್ಲ ಯಾರೆಂದು ಕೇಳಿದ.

"ನನ್ನ ಮಗಳ ಕಾಲೇಜಿನವ್ರು," ಎಂದರು ಮಾರೆಪ್ಪ. "ನಾನು ಮುಂಬೈ ಗಿರಣಿಯವ."

ಬಸ್ಸು ತಿರುಗುವಾಗ ಕಿಟಕಿಯಿಂದ ಹಿಂದೆ ನೋಡಿದೆ. ಅವರು ಕೇರಿಯ ಕಡೆ ಹೋಗಿರಲಿಲ್ಲ. ಚಹಾದಂಗಡಿಯ ಮುಂದೆ, ಪೇಪರ್ ಓದುತ್ತಿದ್ದವರ ನಡುವೆ ನಿಂತು ಮಾತಾಡುತ್ತಿದ್ದರು. ಪೇಪರ್ ಹಿಡಿದವನು ಅದನ್ನು ಮಡಿಚಿಟ್ಟು ಕೇಳುತ್ತಿದ್ದ.