ಉದ್ದಮೂಗಿನವನ ಮುಕ್ಕಾಲು ಸಿನಿಮಾ

ಯುರೋಪಿನ ಕಡೆಯ ಒಬ್ಬ ನಟನ ಬಗ್ಗೆ ಬರೆಯಲು ಕುಳಿತಿದ್ದೇನೆ. ಅವನ ಸಿನಿಮಾ ನಾನು ನೋಡಿದ್ದು ಒಂದೇ, ಅದೂ ಮುಕ್ಕಾಲು. ಅವನ ಹೆಸರನ್ನು ನಮ್ಮೂರ ಸಾಲಿಯ ಮಾಸ್ತರರು ಹತ್ತು ಸಲ ಹೇಳಿಕೊಟ್ಟರು, ನನ್ನ ನಾಲಿಗೆ ಹತ್ತು ಸಲವೂ ಒಲ್ಲೆ ಎಂದಿತು. ಮೂಗು ಉದ್ದ ಇತ್ತು, ಅದಕ್ಕೆ ಉದ್ದಮೂಗಿನವ ಎಂದೇ ಕರೆಯುತ್ತೇನೆ. ಅವನೇನೂ ಬಂದು ತಕರಾರು ಮಾಡುವುದಿಲ್ಲ.

ಸಿನಿಮಾದ ಆಸೆಗೆ ನಾನು ಹೋದವಳಲ್ಲ. ಕಂಬಳಿ ಕಾಯಲು ಹೋದವಳು.

ಎಪ್ಪತ್ತೆಂಟೋ ಎಪ್ಪತ್ತೊಂಬತ್ತೋ ಇರಬೇಕು. ತಾವರಗೇರಾದ ನಮ್ಮ ಮನೆಗೆ ಹೊಂದಿಕೊಂಡ ಖೋಲಿಯಲ್ಲಿ ಗುರುಸಿದ್ದಪ್ಪ ಮಾಸ್ತರರು ಬಾಡಿಗೆಗಿದ್ದರು. ಧಾರವಾಡದಲ್ಲಿ ಕಲಿತವರು, ಹಾರ್ಮೋನಿಯಂ ಬಾರಿಸುವವರು, ಸಿನಿಮಾ ಹುಚ್ಚಿನವರು. ಒಮ್ಮೆ ಎಲ್ಲಿಂದಲೋ ತಗಡಿನ ಡಬ್ಬಿಗಳಲ್ಲಿ ರೀಲು ತರಿಸಿ, ಹಗಲು ಹೊತ್ತಿನಲ್ಲೇ ಸಾಲಿಯಲ್ಲಿ ತೋರಿಸುತ್ತೇನೆ ಎಂದರು. ಸಾಲಿಯ ಕಿಟಕಿಗಳಿಗೆ ಕದವಿಲ್ಲ. ಕತ್ತಲೆ ಮಾಡಲು ಮನೆ ಮನೆ ತಿರುಗಿ ಕಂಬಳಿ ಕೇಳಿದರು. ನನ್ನವು ಎರಡು, ತವರಿನಿಂದ ತಂದವು. ಕೊಟ್ಟ ಕಂಬಳಿ ತಾನಾಗಿ ತಿರುಗಿ ಬಂದದ್ದನ್ನು ನಾನು ಈ ಜನ್ಮದಲ್ಲಿ ಕಂಡಿಲ್ಲ. ಅದಕ್ಕೆ ಅವುಗಳ ಕೆಳಗೇ ಹೋಗಿ ಕುಳಿತೆ.

ಪರದೆಯ ಮೇಲೆ ಒಬ್ಬ ಅಗಸಗಿತ್ತಿ ಬಂದಳು. ನನಗಿಂತ ವಯಸ್ಸಾದವಳು, ಬೆನ್ನ ಮೇಲೆ ಬಟ್ಟೆಯ ಗಂಟು. ಯುದ್ಧದಲ್ಲಿ ಗಂಡ ಸತ್ತಿದ್ದ ಎಂದು ಮಾಸ್ತರರು ಕನ್ನಡದಲ್ಲಿ ಬಿಡಿಸಿ ಹೇಳಿದರು. ಮಕ್ಕಳು ಆಕೆಯನ್ನು ಮನೆಯ ಒಂದು ಮೂಲೆಯಲ್ಲಿ ಕೂರಿಸಿ, ಉಣ್ಣು, ಸುಮ್ಮನಿರು ಎಂದಿದ್ದರು. ಒಂದು ದಿನ ಆಕೆ ಗಂಟು ಹೊತ್ತು ಹೊರಟಳು. ಊರ ಮುಂದೆ ಉದ್ದನೆಯ ಸೇತುವೆ. ಆಕೆ ನಡೆದಳು, ನಡೆದಳು, ನಡೆಯುತ್ತಲೇ ಇದ್ದಳು. ಹೊಡೆದಾಟ ಇಲ್ಲ, ಹಾಡಿಲ್ಲ. ನಮ್ಮೂರ ಗಂಡಸರು ಬೀಡಿಯ ನೆಪ ಹೇಳಿ ಒಬ್ಬೊಬ್ಬರಾಗಿ ಎದ್ದು ಹೋದರು. ನಾನು ಏಳುವಂತಿರಲಿಲ್ಲ, ಕಂಬಳಿ ಇದ್ದವು. ಸೇತುವೆಯ ನಟ್ಟನಡುವೆ ಆಕೆ ನಿಂತು ಹಿಂದೆ ತಿರುಗಿ ನೋಡಿದಳು. ಅಷ್ಟಕ್ಕೆ ಕರೆಂಟು ಹೋಯಿತು.

ಆಕೆ ದಾಟಿದಳೋ, ತಿರುಗಿ ಬಂದಳೋ? ಮಾಸ್ತರರು ಹೇಳಲು ಬಾಯಿ ತೆರೆದರು. ನಾನೇ ತಡೆದೆ.

"ಹೇಳಬ್ಯಾಡ್ರಿ. ಕರೆಂಟು ಬರ್ಲಿ, ನಾನ ನೋಡ್ತೀನಿ."

ಕರೆಂಟು ಮೂರನೆಯ ದಿನಕ್ಕೆ ಬಂತು. ಅಷ್ಟರಲ್ಲಿ ಡಬ್ಬಿಗಳು ಕುಷ್ಟಗಿಯ ಬಸ್ಸು ಹತ್ತಿ ಹೋಗಿದ್ದವು.

ಕೊನೆಯನ್ನು ಹೇಳಬೇಡಿ ಎಂದಿದ್ದೆನಲ್ಲ, ಮಾಸ್ತರರು ಅದರ ಬದಲು ಸಿನಿಮಾ ಮಾಡಿದ ಈ ಉದ್ದಮೂಗಿನವನ ಕಥೆ ಹೇಳಿದರು. ಅವನು ಹಡಗು ಬರುವ ಊರಿನ ಕ್ಷೌರಿಕನ ಮಗ. ಯುದ್ಧದ ಬಾಂಬು ಅವನ ಓಣಿಯನ್ನು ನೆಲಸಮ ಮಾಡಿತ್ತು. ಮಾಳಿಗೆ ಹಾರಿಹೋದ ನಾಟಕದ ಮನೆಯಲ್ಲಿ, ಮಳೆ ಬಂದರೆ ಕೊಡೆ ಹಿಡಿದು ನಾಟಕ ಕಲಿತ. ಸಿನಿಮಾದವರು ಕರೆದರು, ಮೂಗು ಕೊಯ್ಸಿಕೊಂಡು ಸಣ್ಣದು ಮಾಡಿಕೋ, ಹೀರೋ ಮಾಡುತ್ತೇವೆ ಎಂದರು. ಅವನು ಒಲ್ಲೆ ಎಂದ. ಹಾಗಾದರೆ ಖಳನಾಗು ಎಂದರು. ಆದ. ಹತ್ತಾರು ಸಿನಿಮಾಗಳಲ್ಲಿ ಗುಂಡು ತಿಂದು, ನೀರಿಗೆ ಬಿದ್ದು, ಕೊರಳಿಗೆ ಉರುಲು ಬಿದ್ದು ಸತ್ತ. ಸತ್ತು ಸತ್ತು ಸಾಕಾಗಿ, ನಲವತ್ತು ದಾಟಿದ ಮೇಲೆ, ಸತ್ತು ಗಳಿಸಿದ್ದನ್ನೆಲ್ಲ ಸುರಿದು ತನ್ನದೇ ಸಿನಿಮಾ ತೆಗೆದ. ಅದೇ ಈ ಅಗಸಗಿತ್ತಿಯದು.

ಆಕೆ ನಟಿಯಲ್ಲವಂತೆ. ಅವನ ಹಳೆಯ ಓಣಿಯಲ್ಲಿ ನಿಜವಾಗಿಯೂ ಬಟ್ಟೆ ಒಗೆಯುತ್ತಿದ್ದವಳು. ದುಡ್ಡು ಹಾಕುವವರು, ಹೆಸರಿದ್ದ ಚೆಲುವೆಯನ್ನು ಹಾಕಿ ಮುಖಕ್ಕೆ ಸುಕ್ಕು ಬರೆಯೋಣ ಎಂದರು. ಇವನು, ಸುಕ್ಕು ತಯಾರಿರುವಾಗ ಬರೆಯುವುದು ಯಾಕೆ ಎಂದು ಅವರನ್ನೇ ಹೊರಗೆ ಕಳಿಸಿದ. ಆಕೆ ನಿಧಾನ ನಡೆದರೆ ಕ್ಯಾಮೆರಾವೂ ನಿಧಾನ. ನನಗೆ ಇದು ತಟ್ಟನೆ ತಿಳಿಯಿತು. ಹಂಚಿನ ಮೇಲಿನ ರೊಟ್ಟಿಯನ್ನು ಅವಸರಕ್ಕೆ ಮೇಲಿಂದ ಮೇಲೆ ಹೊರಳಿಸಿದರೆ ಅದು ಉಬ್ಬುವುದಿಲ್ಲ. ಸಿನಿಮಾ ಅವನ ಊರಲ್ಲಿ ಒಂದು ವಾರವೂ ಓಡಲಿಲ್ಲ. ಅವನು ಕಣ್ಣೀರು ಹಾಕುತ್ತ ಕೂರಲಿಲ್ಲ. ಮತ್ತೆ ಹೋಗಿ ಖಳನಾದ, ಗಳಿಸಿದ, ಇನ್ನೊಂದು ತೆಗೆದ. ಒಂದು ವರ್ಷ ಮಂದಿಗಾಗಿ ಸಾಯುವುದು, ಮರುವರ್ಷ ತನಗಾಗಿ ಬದುಕುವುದು. ಹೀಗೇ ಮುದುಕನಾದನಂತೆ. ನಾನು ಆ ಲೆಕ್ಕ ಹಾಕಿ ನೋಡಿದೆ. ನನ್ನ ಬಾಳಿನಲ್ಲಿ ಎಲ್ಲ ವರ್ಷಗಳೂ ಮೊದಲನೆಯ ಜಾತಿಯವೇ ಆಗಿದ್ದವು.

ಆ ಸುಗ್ಗಿ ಮುಗಿದ ಮೇಲೆ ಊರವರು ನಾಟಕ ಆಡಲು ನಿಂತರು. ಕಲಿಸುವವರು ನಮ್ಮ ಮಾಸ್ತರರೇ, ತಾಲೀಮು ಅವರ ಖೋಲಿಯಲ್ಲೇ. ನಮ್ಮ ಅಡುಗೆಮನೆಗೂ ಅದಕ್ಕೂ ಒಂದೇ ಗೋಡೆ. ಹೆಣ್ಣು ಪಾರ್ಟು ಮಾಡುವ ಬಾಡಿಗೆ ನಟಿಯರು ಗದಗಿನಿಂದ ಕೊನೆಯ ಎರಡು ದಿನಕ್ಕೆ ಬರುವುದು ರೂಢಿ. ಅಲ್ಲಿಯತನಕ ನಾಟಕದೊಳಗಿನ ತಾಯಿಯ ಮಾತನ್ನು ಮಾಸ್ತರರೇ ಓದುತ್ತಿದ್ದರು. ಮೂರು ತಿಂಗಳು ರೊಟ್ಟಿ ಬಡಿಯುತ್ತ ನಾನು ಆ ಪಾರ್ಟನ್ನು ಪೂರಾ ನುಂಗಿಬಿಟ್ಟೆ. ನನ್ನ ಓದು ಮೂರನೇ ಇಯತ್ತೆ, ಆದರೆ ಕಿವಿಗೆ ಇಯತ್ತೆ ಇರುವುದಿಲ್ಲ.

ನಾಟಕದ ಮುನ್ನಾದಿನ, ತಾಯಿಯ ಪಾರ್ಟಿನವಳಿಗೆ ಜ್ವರ, ಬರುವುದಿಲ್ಲ ಎಂದು ಸುದ್ದಿ ಬಂತು. ಮಾಸ್ತರರು ನಾಟಕ ನಿಲ್ಲಿಸುತ್ತೇನೆ ಎಂದು ತಲೆ ಹಿಡಿದು ಕುಳಿತಿದ್ದರು. ನಾನು ಬಾಗಿಲಲ್ಲಿ ನಿಂತು ಮೊದಲ ಪ್ರವೇಶದಿಂದ ಕೊನೆಯತನಕ ಒಪ್ಪಿಸಿದೆ. ಅವರು ತಲೆಯಿಂದ ಕೈ ತೆಗೆದರು.

ಇನ್ನು ಮನೆ. ಗಂಡ ತೀರಿಕೊಂಡು ಆರು ವರ್ಷವಾಗಿತ್ತು. ಮನೆಯ ಹಿರಿತನ ಭಾವ ಶಿವಲಿಂಗಪ್ಪನವರದು. ಗಂಡನ ಅಣ್ಣ, ಊರಿಗೆ ದೊಡ್ಡ ಮನುಷ್ಯ, ಮನೆಯಲ್ಲಿ ಇನ್ನೂ ದೊಡ್ಡವರು. ಅವರು ಪಡಸಾಲೆಯಲ್ಲಿ ಕುಳಿತೇ ಹೇಳಿದರು.

"ಈ ಮನಿ ಹೆಣಮಕ್ಕಳು ಮಂದಿ ಮುಂದ ಕುಣಿಯೂದಿಲ್ಲ. ಅದರಾಗ ಗಂಡ ಸತ್ತಾಕಿ. ಆ ನಾಟಕದ ಅಟ್ಟ ಹತ್ತಿದಿ ಅಂದ್ರ ನಮ್ಮ ಒಲಿ ಹತ್ರ ಬರಬ್ಯಾಡ."

"ಕುಣಿಯೂ ಪಾರ್ಟ್ ಅಲ್ಲರಿ ಭಾವಾರ, ಅಳೂ ಪಾರ್ಟು," ಎಂದೆ. "ಅದನ್ನ ನಿಮ್ಮ ಮನ್ಯಾಗ ಇಪ್ಪತ್ತೆಂಟು ವರ್ಷ ಪುಕ್ಕಟೆ ಮಾಡೇನಿ."

ಭಾವನ ಹೆಂಡತಿ, ನನ್ನ ನೆಗೆಣ್ಣಿ, ಸೆರಗು ಬಾಯಿಗೆ ಒತ್ತಿಕೊಂಡು ಒಳಗೆ ಓಡಿದಳು. ಅತ್ತಳೋ ನಕ್ಕಳೋ, ನಾನು ಕೇಳಲಿಲ್ಲ. ನನಗೆ ಹೆದರಿಕೆ ಇರಲಿಲ್ಲ ಎಂದರೆ ಸುಳ್ಳು. ಒಲೆ ಹೋದರೆ ಉಣ್ಣುವುದೆಲ್ಲಿ? ಆದರೆ ಆ ಅಗಸಗಿತ್ತಿಯ ಹಾಗೆ ಸೇತುವೆಯ ನಡುವೆ ನಿಂತು ಹಿಂದೆ ನೋಡಿ ನೋಡಿ ನನಗೂ ಕುತ್ತಿಗೆ ನೋಯುತ್ತಿತ್ತು. ಹೋದೆ.

ಬಣ್ಣ ಹಚ್ಚಲು ಬಂದವನನ್ನು ಆಚೆ ಕಳಿಸಿದೆ. ಸುಕ್ಕು, ಬಿಳಿಗೂದಲು, ಎರಡನ್ನೂ ಮನೆಯಿಂದಲೇ ತಂದಿದ್ದೆ.

ಎಲ್ಲ ಸರಿಯಾಗಿಯೇ ಸಾಗಿತ್ತು. ಮಗ ಕುಡಿದು ಬಂದು ತಾಯಿಯ ಮೇಲೆ ಕೈ ಎತ್ತುವ ದೃಶ್ಯ ಬಂತು. ಮಗನ ಪಾರ್ಟು ಹಿಟ್ಟಿನ ಗಿರಣಿಯ ಹನುಮಂತನದು. ಅವನು ಬಸ್ಸು ನಿಲ್ಲಿಸುವವನ ಹಾಗೆ ಕೈ ಎತ್ತಿದ. ನಾನು ಕಲಿತ ಮಾತನ್ನು ಕಲಿತ ಹಾಗೆಯೇ ಹೇಳಿದೆ.

"ಒಂಬತ್ತು ತಿಂಗಳು ಹೊತ್ತ ತಾಯಿಯ ಮೇಲೆ ಕೈ ಮಾಡುವೆಯಾ? ಕೈ ಇಳಸಲೇ ಹನುಮ್ಯಾ."

ಆ ಕೊನೆಯ ಮಾತು ನಾಟಕದ್ದಲ್ಲ. ತಾಲೀಮಿನಲ್ಲಿ ದಿನವೂ ಕೈ ಅತಿಯಾಗಿ ಎತ್ತುತ್ತಿದ್ದ ಅವನಿಗೆ ಮಾಸ್ತರರು ಹಾಕುತ್ತಿದ್ದ ಬೈಗುಳ. ತಾಯಿಯ ಮಾತನ್ನೂ ಬೈಗುಳವನ್ನೂ ಒಂದೇ ದನಿ ಒಂದೇ ಉಸಿರಿನಲ್ಲಿ ಹೇಳುತ್ತಿದ್ದರೆ, ಗೋಡೆಯ ಈಚೆ ಇರುವವಳಿಗೆ ತಿಳಿಯುವುದು ಹೇಗೆ? ತಾಯಿ ಸಿಟ್ಟಿಗೆದ್ದಾಗ ಮಗನನ್ನು ಮನೆಯ ಹೆಸರಿನಿಂದ ಕರೆಯುತ್ತಾಳೆ, ಛಲೋ ಬರೆದಿದ್ದಾರೆ ಎಂದುಕೊಂಡಿದ್ದೆ.

ಹನುಮಂತ ನಿಜವಾಗಿಯೂ ಹೆದರಿ ಕೈ ಇಳಿಸಿದ. ಇಳಿಸಿದವನು ಮುಂದಿನ ಮಾತನ್ನೇ ಮರೆತು ನನ್ನ ಕಾಲಿಗೆ ಬಿದ್ದ. ಹಾರ್ಮೋನಿಯಂ ನಿಂತಿತು. ಆಮೇಲೆ ಹೆಣ್ಣುಮಕ್ಕಳು ಕುಳಿತ ಕಡೆಯಿಂದ ಚಪ್ಪಾಳೆ ಶುರುವಾಯಿತು. ಅಲ್ಲಿಂದಲೇ ಶುರುವಾಯಿತು ಎನ್ನುವುದನ್ನು ನಾನು ಇಂದಿಗೂ ಮರೆತಿಲ್ಲ.

ಬೆಳಕು ಹರಿದ ಮೇಲೆ ಮನೆಗೆ ಬಂದೆ. ಭಾವ ಮುಖ ತಿರುಗಿಸಿದರು. ನಾನು ಹಿತ್ತಲಿನ ಬೇವಿನ ಬುಡದಲ್ಲಿ ಮೂರು ಕಲ್ಲು ಇಟ್ಟು ಒಲೆ ಹೂಡಿದೆ. ಒಬ್ಬಳ ರೊಟ್ಟಿಗೆ ಎಷ್ಟು ಬೆಂಕಿ ಬೇಕು? ತಿಂಗಳು ಕಳೆದಿರಬೇಕು, ಒಂದು ಮುಂಜಾನೆ ಅವರು ಬಂದು ಎದುರಿನ ಕಲ್ಲಿನ ಮೇಲೆ ಕುಳಿತರು. ಬಿಸಿ ರೊಟ್ಟಿ ಹಾಕಿದೆ. ಅರ್ಧ ತಿಂದು, ಬೇವಿನ ಮರಕ್ಕೆ ಹೇಳುವವರ ಹಾಗೆ ಅಂದರು.

"ಆ ಕೈ ಇಳಸು ಅಂದದ್ದು ಖರೇನ ಜೋರಿತ್ತು ಬಿಡು."

ಅಂದರೆ ನೋಡಲು ಬಂದಿದ್ದರು. ಎಲ್ಲಿ ಅಡಗಿ ನಿಂತಿದ್ದರೋ, ಪಾಪ. ಒಳಗಿನ ಒಲೆಗೆ ಬಾ ಎಂದೂ ಹೇಳಿದರು. ನಾನು ಹೋಗಲಿಲ್ಲ. ನನ್ನ ಒಲೆ ಇಂದಿಗೂ ಬೇರೆ. ಅವರು ಮಾತ್ರ ವಾರಕ್ಕೆರಡು ಸಲ ಈ ಒಲೆಗೆ ಬರುತ್ತಾರೆ.

ಮಾಸ್ತರರಿಗೆ ಯಲಬುರ್ಗಾದ ಕಡೆ ವರ್ಗವಾಗಿ ಎಷ್ಟೋ ವರ್ಷವಾಯಿತು. ಈಗ ಗಂಗಾವತಿಯಲ್ಲಿ ವಿಡಿಯೋ ಕ್ಯಾಸೆಟ್ಟಿನ ಅಂಗಡಿಗಳಾಗಿವೆ. ನೆಗೆಣ್ಣಿಯ ಮೊಮ್ಮಗಳು, ಅಲ್ಲಿ ಹೇಳಿದರೆ ಎಂಥ ಸಿನಿಮಾ ಆದರೂ ತರಿಸಿಕೊಡುತ್ತಾರೆ, ಉದ್ದಮೂಗಿನವನದನ್ನೂ ಕೇಳಲಾ ಎಂದಳು. ಬೇಡ ಎಂದೆ. ಆ ಅಗಸಗಿತ್ತಿ ಸೇತುವೆಯಿಂದ ತಿರುಗಿ ಬಂದಿದ್ದರೆ ಈ ವಯಸ್ಸಿನಲ್ಲಿ ನನಗೆ ಸುಮ್ಮನೆ ಸಿಟ್ಟು. ದಾಟಿದ್ದರೆ, ಆಚೆಯ ದಂಡೆ ಹೇಗಿದೆ ಎಂದು ಆಕೆ ನನಗೇನು ತೋರಿಸುವುದು? ಅಲ್ಲಿ ನಾನು ದಿನವೂ ರೊಟ್ಟಿ ಬಡಿಯುತ್ತೇನೆ.