ಗೊಂಬೆ ಮೆಟ್ಟಿಲಿನ ಇಂಗ್ಲಿಷ್ ಬ್ಯಾಂಡು

ನಾನು ಹೆದರುಪುಕ್ಕಲಿ. ಹೇಳಿಕೊಳ್ಳಲು ನಾಚಿಕೆಯೇನೂ ಇಲ್ಲ. ಮದುವೆಯಾಗಿ ಕುವೈತಿಗೆ ಬಂದ ದಿನ, ವಿಮಾನ ನಿಲ್ದಾಣದಿಂದ ಮನೆಗೆ ಬರುವ ದಾರಿಯಲ್ಲೇ ನಮ್ಮ ಯಜಮಾನರು ಪಾಠ ಶುರು ಮಾಡಿದ್ದರು. ಕಂಡಕಂಡಲ್ಲಿ ಫೋಟೊ ತೆಗೀಬೇಡ, ರಸ್ತೇಲಿ ಯಾರಿಗೂ ಕೈ ಎತ್ತಿ ತೋರಿಸಬೇಡ, ಲಿಫ್ಟಲ್ಲಿ ಈ ದೇಶದ ಸುದ್ದಿ ಮಾತಾಡಬೇಡ, ಯಾರೇನಂದರೂ ನಕ್ಕು ಸುಮ್ಮನಾಗು. ಮೈಸೂರಿನಲ್ಲಿ ಆಟೋದವರ ಜೊತೆ, ತರಕಾರಿಯವಳ ಜೊತೆ ಬೀದಿಯಲ್ಲೇ ನಿಂತು ಜಗಳ ಕಾಯುತ್ತಿದ್ದ ಬಾಯಿ ನನ್ನದು. ಅದನ್ನು ಮುಚ್ಚಿಕೊಂಡೇ ಅಬು ಹಲೀಫಾದ ಈ ಫ್ಲಾಟಿನಲ್ಲಿ ಸಂಸಾರ ಕಟ್ಟಿದೆ. ಈಗಲೂ ಜೋರು ಮಾಡುತ್ತೇನೆ, ಆದರೆ ಮನೆಯೊಳಗೆ, ಅದೂ ಕಿಟಕಿ ಹಾಕಿಕೊಂಡು. ಇಲ್ಲಿರಲು ಅಪ್ಪಣೆ ಕೊಡುವ ಇಕಾಮಾ ಇರುವುದು ಯಜಮಾನರ ಕೆಲಸದ ಮೇಲೆ. ನನ್ನದು, ಮಗಳದು ಅವರ ಬಾಲ ಹಿಡಿದುಕೊಂಡು ನಿಂತಿವೆ. ಅವರೊಬ್ಬರಿಗೆ ಹೊರಡು ಎಂದರೆ ಮೂವರೂ ಗಂಟುಮೂಟೆ ಕಟ್ಟಬೇಕು.

ಮಗಳು ಹುಟ್ಟಿದ್ದು ಇಲ್ಲೇ. ಅವಳಿಗೆ ಈ ಭಯ ಯಾವುದೂ ಅಂಟಿರಲಿಲ್ಲ. ಹನ್ನೊಂದನೇ ಕ್ಲಾಸಿಗೆ ಬಂದ ವರ್ಷ ಅವಳಿಗೆ ಒಂದು ಬ್ಯಾಂಡಿನ ಹುಚ್ಚು ಹಿಡಿಯಿತು. ಅವಳ ತರಗತಿಯವರೆಲ್ಲ ಕೊರಿಯಾದ ಚೆಂದದ ಹುಡುಗರ ಹಿಂದೆ ಬಿದ್ದಿದ್ದರೆ, ಇವಳು ಹೋಗಿ ಹೋಗಿ ನನ್ನಪ್ಪನ ವಯಸ್ಸಿನ ಇಂಗ್ಲಿಷ್ ಮುದುಕರನ್ನು ಹಿಡಿದುಕೊಂಡಳು. ಪಂಕ್ ಅಂತೆ. ಎಪ್ಪತ್ತರ ದಶಕದ ಕೊನೆಯಲ್ಲಿ ಹರಿದ ಬಟ್ಟೆಗೆ ಪಿನ್ನು ಚುಚ್ಚಿಕೊಂಡು, ಕೂದಲನ್ನು ಕೋಳಿ ಜುಟ್ಟಿನ ಹಾಗೆ ನಿಲ್ಲಿಸಿಕೊಂಡು ಕಿರುಚಾಡಿದ ಗುಂಪುಗಳಲ್ಲಿ ಇದೂ ಒಂದು. ನಾನು ಮೊದಲ ಸಲ ಕೇಳಿದಾಗ ಪಕ್ಕದ ಮನೆಯಲ್ಲಿ ಗೋಡೆ ಕೊರೆಯುತ್ತಿದ್ದಾರೆ ಎಂದುಕೊಂಡು ಬಾಗಿಲು ತೆಗೆದು ನೋಡಿದ್ದೆ.

ಅಡುಗೆಮನೆ ಕಟ್ಟೆಯ ಮೇಲೆ ಕುಳಿತು ಅವಳು ಆ ಬ್ಯಾಂಡಿನ ಪುರಾಣವನ್ನೆಲ್ಲ ನನ್ನ ತಲೆಗೆ ತುಂಬಿದಳು. ಇಂಗ್ಲೆಂಡಿನ ಉತ್ತರದ ಒಂದು ಬಡ ಬಂದರು ಊರು. ಕೆಲಸವಿಲ್ಲದ ನಾಲ್ಕು ಹುಡುಗರು. ಮೀನು ತುಂಬುವ ಶೆಡ್ಡಿನಲ್ಲಿ ಅಭ್ಯಾಸ. ವೇದಿಕೆ ಹತ್ತಿದರೆ ಮುಂದಿನ ಸಾಲಿನವರು ಮೂಗು ಮುಚ್ಚಿಕೊಳ್ಳುತ್ತಿದ್ದರಂತೆ. ಆಮೇಲೆ ಆ ಒಂದು ಹಾಡು ಬಂತು. ‘ಅರಮನೆ ಖಾಲಿ ಮಾಡಿ’ ಎಂದು ಅದರ ಅರ್ಥ. ನಮಗೆ ಇರಲು ಮನೆಯಿಲ್ಲ, ನಿಮಗೆ ಅಷ್ಟು ಕೋಣೆ ಯಾಕೆ, ಹೊರಡಿ ಅಂತ ತಮ್ಮ ರಾಣಿಗೇ ಕೂಗಿ ಹೇಳಿದ ಹಾಡು. ರೇಡಿಯೊದವರು ಹಾಕಲಿಲ್ಲ, ಅಂಗಡಿಯವರು ಹಾಡಿನ ರೆಕಾರ್ಡನ್ನು ಗಲ್ಲಾದ ಕೆಳಗೆ ಬಚ್ಚಿಟ್ಟು ಮಾರಿದರು, ಊರೂರಲ್ಲಿ ಕಾರ್ಯಕ್ರಮ ರದ್ದಾದವು. ಒಂದು ಸಂಜೆ ಹಾಡುಗಾರನನ್ನು ಯಾರೋ ರಸ್ತೆಯಲ್ಲಿ ಹಿಡಿದು ದವಡೆ ಮುರಿದರು. ಅವನು ಮಲಗಿದ್ದಾಗ ಗಿಟಾರಿನವನು ಹಾಡಿದ, ಎದ್ದು ಬಂದವನಿಗೆ ಅದು ಸಹಿಸಲಾಗಲಿಲ್ಲ, ಕಿತ್ತಾಡಿಕೊಂಡು ನಾಲ್ವರೂ ನಾಲ್ಕು ದಿಕ್ಕಾದರು. ಒಬ್ಬ ಬಸ್ಸು ಓಡಿಸಿದ. ಡ್ರಮ್ಮಿನವನು ಕುಡಿದು ಸತ್ತ. ಉಳಿದವರು ಈಗ ಬೋಳು ತಲೆ ಹೊತ್ತು ಮತ್ತೆ ಒಟ್ಟಾಗಿ, ಅದೇ ಹಾಡು ಹಾಡುತ್ತಾ ತಿರುಗುತ್ತಿದ್ದಾರಂತೆ.

“ನೋಡಿದ್ಯಾ? ಸುಮ್ಮನಿದ್ದಿದ್ರೆ ದವಡೆನಾದ್ರೂ ಉಳೀತಿತ್ತು” ಅಂದೆ ನಾನು.

“ಅಮ್ಮಾ, ದಟ್ಸ್ ನಾಟ್ ದ ಪಾಯಿಂಟ್!”

“ಪಾಯಿಂಟು ಅದೇ ಕಣೆ. ಇನ್ನೇನು?”

ಅವಳು ತಲೆ ಚಚ್ಚಿಕೊಂಡು ಎದ್ದು ಹೋಗುತ್ತಿದ್ದಳು. ನನಗೆ ಒಳಗೊಳಗೇ ಖುಷಿ. ಎದುರು ನಿಂತು ವಾದಿಸುವ ಮಗಳನ್ನು ನೋಡಿದರೆ ಯಾವ ತಾಯಿಗೆ ಹೆಮ್ಮೆಯಿರುವುದಿಲ್ಲ?

ನವರಾತ್ರಿ ಬಂತು. ಎಲ್ಲಿದ್ದರೂ ಗೊಂಬೆ ಕೂರಿಸುವುದನ್ನು ನಾನು ಬಿಟ್ಟವಳಲ್ಲ. ಸೂಟ್‌ಕೇಸು, ರಟ್ಟಿನ ಡಬ್ಬ ಜೋಡಿಸಿ, ಮೇಲೆ ಬಿಳಿ ಪಂಚೆ ಹಾಸಿದರೆ ಮೆಟ್ಟಿಲು ಸಿದ್ಧ. ಎಲ್ಲಕ್ಕಿಂತ ಮೇಲೆ ತವರಿನಿಂದ ಮದುವೆಯಲ್ಲಿ ಕೊಟ್ಟ ಪಟ್ಟದ ಗೊಂಬೆಗಳು, ಮರದ ರಾಜ ರಾಣಿ. ಅವರ ಕೆಳಗೆ ದೇವರುಗಳು, ಆಮೇಲೆ ಚನ್ನಪಟ್ಟಣದ ಸಂಸಾರ. ಕೆಳಗಿನಿಂದ ಎರಡನೆಯ ಮೆಟ್ಟಿಲಿನಲ್ಲಿ ಪ್ರತಿವರ್ಷ ನಾನೊಂದು ಪುಟ್ಟ ಕುವೈತ್ ಮಾಡುತ್ತೇನೆ. ತಟ್ಟೆಯಲ್ಲಿ ಮರಳು, ಕಾಗದದ ಖರ್ಜೂರದ ಮರ, ಪ್ಲಾಸ್ಟಿಕ್ಕಿನ ನೀರಿನ ಗೋಪುರ, ಮರದ ದೋಣಿ, ಒಂದು ಬಾವುಟ, ಬಿಳಿ ನಿಲುವಂಗಿ ತೊಟ್ಟ ಪಿಂಗಾಣಿಯ ಅರಬ್ ಯಜಮಾನ. ಅನ್ನ ಕೊಟ್ಟ ನಾಡು, ನಮ್ಮ ಹಬ್ಬದಲ್ಲಿ ಅದಕ್ಕೂ ಒಂದು ಜಾಗ ಬೇಡವೇ?

ಆ ವರ್ಷ ಮಗಳು ತಾನಾಗಿಯೇ ಬಂದು, ಎಲ್ಲಕ್ಕಿಂತ ಕೆಳಗಿನ ಮೆಟ್ಟಿಲು ತನಗೆ ಬಿಟ್ಟುಕೊಡು ಅಂದಳು. ಹಬ್ಬ ಎಂದರೆ ಮೂಗು ಮುರಿಯುತ್ತಿದ್ದವಳು! ನಾನು ಹಿರಿಹಿರಿ ಹಿಗ್ಗಿ ಒಪ್ಪಿದೆ. ಜೇಡಿಮಣ್ಣಿನಲ್ಲಿ ಆ ನಾಲ್ಕು ಹುಡುಗರನ್ನು ಮಾಡಿದಳು. ಬಣ್ಣದ ಉಣ್ಣೆದಾರದ ಜುಟ್ಟು, ಗುಂಡುಪಿನ್ನಿನ ಗಿಟಾರು ತಂತಿ, ಬಾಟಲಿ ಮುಚ್ಚಳದ ಡ್ರಮ್ಮು. ಹಾಡುಗಾರ ಒಂದು ಮುಷ್ಟಿ ಎತ್ತಿ, ಇನ್ನೊಂದು ಕೈಯಲ್ಲಿ ಫಲಕ ಹಿಡಿದಿದ್ದ. ಫಲಕದಲ್ಲಿ ಇಂಗ್ಲಿಷಿನಲ್ಲಿ ಆ ಹಾಡಿನ ಸಾಲು. ನಾನು ಓದಿದೆ. ಅರ್ಥವೂ ಗೊತ್ತಿತ್ತು. ಇಂಗ್ಲೆಂಡಿನ ಹಳೇ ಕಥೆ ಅಲ್ಲವೇ ಎಂದುಕೊಂಡು ಉಸಲಿಗೆ ಒಗ್ಗರಣೆ ಹಾಕಲು ಹೋದೆ. ಎಷ್ಟೋ ವರ್ಷ ಹೆದರಿ ಹೆದರಿ ಬದುಕಿದವಳ ತಲೆಗೆ ಅವತ್ತು ಮಾತ್ರ ಏನೂ ಹೊಳೆಯಲಿಲ್ಲ ನೋಡಿ.

ಶುಕ್ರವಾರ ರಜೆ. ಹೆಂಗಸರೆಲ್ಲ ಅರಿಶಿನ ಕುಂಕುಮಕ್ಕೆ ಬಂದರು. ಮೇಲಿನ ಮಹಡಿಯ ಗೆಳತಿಯೂ ಬಂದಳು. ಮಂಗಳೂರು ಕಡೆಯ ಕೊಂಕಣಿ ಕ್ರಿಶ್ಚಿಯನ್ನಳು, ಆಸ್ಪತ್ರೆಯಲ್ಲಿ ನರ್ಸು. ನಮ್ಮ ಗೊಂಬೆಯೆಂದರೆ ಅವಳಿಗೆ ಪ್ರಾಣ.

“ಎಂತ ಚಂದ ಉಂಟು ಮಾರಾಯ್ತಿ! ಈ ಕೋಳಿ ಜುಟ್ಟಿನವರು ಯಾರು?”

ಮಗಳು ಪುರಾಣ ಬಿಚ್ಚಿದಳು. ಗೆಳತಿ ನಕ್ಕು ನಕ್ಕು ಕಣ್ಣೊರೆಸಿಕೊಂಡಳು. ನೆಲಕ್ಕೆ ಕುಳಿತು ಕೆಳಗಿನ ಎರಡು ಮೆಟ್ಟಿಲಿನ ಫೋಟೊ ತೆಗೆದಳು. ‘ಕುವೈತಿನಲ್ಲಿ ಮೈಸೂರು ದಸರಾ’ ಎಂದು ಬರೆದು ವಾಟ್ಸಾಪ್ ಸ್ಟೇಟಸ್ಸಿಗೆ ಹಾಕಿಕೊಂಡಳು.

ಭಾನುವಾರ ಯಜಮಾನರು ಕೆಲಸದಿಂದ ಹೊತ್ತಿಗೆ ಮುಂಚೆ ಬಂದರು. ಷೂ ಬಿಚ್ಚದೆ ನೇರ ನಡುಮನೆಗೆ ಹೋಗಿ ಗೊಂಬೆಗಳ ಮುಂದೆ ಕುಕ್ಕರುಗಾಲಲ್ಲಿ ಕುಳಿತರು. ಮುಖದಲ್ಲಿ ರಕ್ತವಿರಲಿಲ್ಲ.

“ರೀ, ಏನಾಯ್ತು? ಕೆಲಸಕ್ಕೆ ಏನಾದ್ರೂ...?”

ಅವರು ಫೋನು ಚಾಚಿದರು. ಅವರ ಕಂಪನಿಯ ಹುಬ್ಬಳ್ಳಿ ಕಡೆಯ ಸಹೋದ್ಯೋಗಿಗೆ ಯಾವುದೋ ಗುಂಪಿನಿಂದ ಆ ಫೋಟೊ ಬಂದಿತ್ತಂತೆ. ಊಟದ ಹೊತ್ತಿನಲ್ಲಿ ಪಕ್ಕ ಕುಳಿತು, “ಇದು ನಿಮ್ಮನಿ ಅಲ್ಲೇನ್ರಿ ಸರ? ಅರಮನಿ ಖಾಲಿ ಮಾಡ್ರಿ ಅಂತ ಯಾರಿಗೆ ಹೇಳೀರಿ?” ಎಂದು ಕೇಳಿದ್ದರು. ಅವರು ನಗುತ್ತಲೇ ಕೇಳಿದ್ದು. ಆದರೆ ಆಮೇಲೆ ದನಿ ತಗ್ಗಿಸಿ, “ತೆಗಸ್ರಿ ಲಗೂನ” ಅಂದಿದ್ದರು.

ಫೋಟೊ ನೋಡಿದೆ. ಮೇಲೆ ಬಾವುಟ. ಬಾವುಟದ ಪಕ್ಕ ಬಿಳಿ ನಿಲುವಂಗಿಯ ಯಜಮಾನ. ಅವನ ಕಾಲ ಬುಡದಿಂದ ಮುಷ್ಟಿ ಎತ್ತಿ, ಅವನ ಮುಖಕ್ಕೇ ಅರಮನೆ ಖಾಲಿ ಮಾಡಿ ಎಂದು ಫಲಕ ಹಿಡಿದ ಮಣ್ಣಿನ ಹುಡುಗ. ಮೇಲಿನ ದೇವರೂ ಇಲ್ಲ, ರಾಜ ರಾಣಿಯೂ ಇಲ್ಲ, ಗೊಂಬೆ ಹಬ್ಬ ಎನ್ನುವ ಸುಳಿವೇ ಇಲ್ಲ. ಇಂಗ್ಲೆಂಡ್ ಎಂದು ಎಲ್ಲೂ ಬರೆದಿಲ್ಲ. ಅರಮನೆಯಲ್ಲಿರುವ ದೊರೆಯ ವಿರುದ್ಧ ಒಂದು ಮಾತಾಡಿದರೂ ಜೈಲಿಗೆ ಹಾಕುವ ದೇಶ ಇದು. ಪ್ರೀತಿಯಿಂದ ಕುವೈತನ್ನು ತಂದು ಆ ಮೆಟ್ಟಿಲಲ್ಲಿ ಕೂರಿಸಿದವಳು ನಾನೇ.

“ಯಾರ್ಯಾರು ನೋಡಿದಾರೆ?” ಎಂದೆ.

“ಅದು ಗೊತ್ತಿದ್ದಿದ್ರೆ ಹಿಂಗ್ ಕೂತಿರ್ತಿದ್ನಾ?”

ಗೆಳತಿಗೆ ಫೋನು ಮಾಡಿದೆ. ಡ್ಯೂಟಿ ಬಟ್ಟೆಯಲ್ಲೇ ಓಡಿ ಬಂದಳು. ಸ್ಟೇಟಸ್ಸು ಅಳಿಸಿದ್ದಳು, ಆದರೆ ಕೇಳಿದವರಿಗೆಲ್ಲ ಫೋಟೊ ಕಳಿಸಿದ್ದಳು. “ಅಯ್ಯೋ ದೇವಾ, ನಾನು ಎಂತ ಮಾಡಿದ್ದು! ಚಂದ ಉಂಟು ಅಂತ ಹಾಕಿದ್ದಲ್ವಾ? ನನ್ನ ನಂಬರಿಂದಲೇ ಹೋದದ್ದು, ನನ್ನನ್ನೂ ಕರೀತಾರಾ?” ಎಂದು ಅಳತೊಡಗಿದಳು. ಅವಳನ್ನು ಬೈಯಬೇಕೋ ಸಮಾಧಾನ ಮಾಡಬೇಕೋ ತಿಳಿಯದೆ ಒಂದು ಲೋಟ ನೀರು ಕೊಟ್ಟೆ.

ಮಗಳು ಟ್ಯೂಷನ್ನಿನಿಂದ ಬರುವಷ್ಟರಲ್ಲಿ ನಾನು ಫಲಕವನ್ನು ಒಲೆಯಲ್ಲಿ ಸುಟ್ಟಿದ್ದೆ. ಅವಳು ಕಿರುಚಿದಳು.

“ಇಟ್ಸ್ ಹಿಸ್ಟರಿ, ಅಮ್ಮಾ! ಇಟ್ಸ್ ಅಬೌಟ್ ಇಂಗ್ಲೆಂಡ್!”

“ಪೊಲೀಸ್ ಠಾಣೇಲಿ ನಿಂತು ಹಿಸ್ಟರಿ ಪಾಠ ಮಾಡ್ತೀಯೇನೆ? ನಿಮ್ಮಪ್ಪನ್ನ ಕರ್ಕೊಂಡ್ ಹೋದ್ರೆ ನಿನ್ನ ಬ್ಯಾಂಡ್‌ನೋರು ಬಂದು ಬಿಡಿಸ್ತಾರಾ? ಮುಂದಿನ ವರ್ಷ ನಿನ್ನ ಬೋರ್ಡ್ ಪರೀಕ್ಷೆ. ಎಲ್ಲಿ ಬರೀತೀಯ?”

“ಯೂ ಆರ್ ಸ್ಕೇರ್ಡ್ ಆಫ್ ಎವ್ರಿಥಿಂಗ್!” ಎಂದು ಕೋಣೆಯ ಬಾಗಿಲು ಬಡಿದುಕೊಂಡಳು.

ಹೌದು, ಹೆದರಿಕೆ. ಏನೀಗ? ಆ ನಾಲ್ಕು ಮಣ್ಣಿನ ಹುಡುಗರನ್ನು ಮಾತ್ರ ಒಡೆಯಲು ಮನಸ್ಸು ಬರಲಿಲ್ಲ. ಅವಳ ಬೆರಳಿನ ಗುರುತು ಅವುಗಳ ಮೈಮೇಲೆ ಹಾಗೇ ಇತ್ತು. ಬಿಸ್ಕತ್ತಿನ ಡಬ್ಬಕ್ಕೆ ಹಾಕಿ ವಾಷಿಂಗ್ ಮಷೀನಿನ ಹಿಂದೆ ತುರುಕಿದೆ. ಕುವೈತನ್ನೂ ಎತ್ತಿಟ್ಟೆ. ಆದರೂ ಆ ಮೆಟ್ಟಿಲು, ಆ ಪಂಚೆ ಕಂಡರೆ ಫೋಟೊ ನೋಡಿದವರಿಗೆ ಗುರುತು ಸಿಕ್ಕೀತು ಎನ್ನಿಸಿತು. ಕೊನೆಗೆ, ವಿಜಯದಶಮಿಗೆ ಇನ್ನೂ ದಿನಗಳಿರುವಾಗಲೇ, ಪಟ್ಟದ ರಾಜ ರಾಣಿಯರನ್ನು ಮಲಗಿಸಿದೆ. ಹಬ್ಬ ಮುಗಿದ ಸಂಜೆ ಮಾತ್ರ ಮಾಡುವ ಕೆಲಸ ಅದು. ನಮ್ಮಮ್ಮನ ಮುಖ ಕಣ್ಣ ಮುಂದೆ ಬಂತು. ತಪ್ಪಾಯ್ತು ತಾಯಿ ಎಂದು ಕೆನ್ನೆ ಬಡಿದುಕೊಂಡು, ಮೆಟ್ಟಿಲಿನ ಮೇಲೆಲ್ಲ ಹಾಸಿಗೆಯ ಚಾದರ ಹೊದಿಸಿಬಿಟ್ಟೆ.

ಮಾರನೆಯ ದಿನ ಸಂಜೆ ಬಾಗಿಲ ಗಂಟೆಯ ಸದ್ದಾಯಿತು. ಯಜಮಾನರು ಇನ್ನೂ ಬಂದಿರಲಿಲ್ಲ. ಕಿಂಡಿಯಲ್ಲಿ ನೋಡಿದೆ. ಕಟ್ಟಡದ ಕಾವಲುಗಾರ, ಅವನ ಹಿಂದೆ ಬಿಳಿ ನಿಲುವಂಗಿಯ ಒಬ್ಬ, ಇನ್ನೊಬ್ಬ ಅಂಗಿ ಪ್ಯಾಂಟಿನವನು. ಮುಗೀತು ಎಂದುಕೊಂಡೆ. ಖಲಾಸ್. ಹಿಂದಕ್ಕೆ ತಿರುಗಿದರೆ ಮಗಳು ಕೋಣೆಯ ಬಾಗಿಲಲ್ಲಿ ನಿಂತಿದ್ದಳು. ನನ್ನ ಮುಖ ನೋಡಿದಳು. ನನ್ನ ಮುಖದಲ್ಲಿ ಅದೇನು ಕಂಡಳೋ, ಅವಳ ಮುಖವೂ ನೋಡನೋಡುತ್ತಲೇ ಬಿಳಿಚಿಕೊಂಡಿತು.

ಬಾಗಿಲು ತೆರೆಯದೆ ವಿಧಿಯಿರಲಿಲ್ಲ. ಕಾವಲುಗಾರ ಹಿಂದಿಯಲ್ಲಿ, “ಭಾಭಿ, ನೀಚೇ ಪಾನಿ ಗಿರ್ ರಹಾ ಹೈ” ಎಂದ. ಕೆಳಗಿನ ಮನೆಯ ಚಾವಣಿಯಲ್ಲಿ ನೀರು ಸೋರುತ್ತಿದೆ, ನಮ್ಮ ಬಚ್ಚಲು ನೋಡಬೇಕು, ಕಟ್ಟಡದ ಮಾಲೀಕರ ಕಡೆಯವರು ಬಂದಿದ್ದಾರೆ ಅಂತ. ನಿಜವೋ ನೆಪವೋ ಯಾರಿಗೆ ಗೊತ್ತು? ಅಂಗಿಯವನು ಬಚ್ಚಲಿಗೆ ಹೋದ. ನಿಲುವಂಗಿಯವನು ನಡುಮನೆಯಲ್ಲೇ ನಿಂತ. ಚಾದರ ಹೊದ್ದ ಮೆಟ್ಟಿಲಿನ ಕಡೆ ನೋಡಿದ. ಹತ್ತಿರ ಹೋದ.

“ಶಿನೂ ಹಾದಾ?” ಏನಿದು, ಎಂದು ಕೇಳಿದ.

ಆಗ ಮಗಳು ಮುಂದೆ ಬಂದಳು. ಶಾಲೆಯಲ್ಲಿ ಕಲಿತ ಅರಬಿಯಲ್ಲಿ, ತಲೆ ಸ್ವಲ್ಪ ಬಗ್ಗಿಸಿ, ತೆಳ್ಳಗೆ ನಗುತ್ತಾ ಉತ್ತರ ಕೊಟ್ಟಳು. ಹಳೇ ಆಟದ ಸಾಮಾನು, ಊರಿಗೆ ಕಳಿಸಲು ಕಟ್ಟಿಡುತ್ತಿದ್ದೇವೆ ಎಂದಳು. ಆ ದನಿ ಅವಳದಾಗಿರಲಿಲ್ಲ. ಅಂಗಡಿಯಲ್ಲಿ, ಆಫೀಸಿನ ಕಿಟಕಿಗಳ ಮುಂದೆ ಇಷ್ಟು ವರ್ಷ ನಾನು ಆಡಿದ ದನಿ ಅದು. ಅವನು ಸರಿಯೆಂದು ತಲೆಯಾಡಿಸಿದ. ಬಚ್ಚಲಲ್ಲಿ ಒಂದು ಕೊಳವೆಯ ಬಾಯಿ ಬಿಗಿ ಮಾಡಿದರು. ತೊಂದರೆ ಕೊಟ್ಟದ್ದಕ್ಕೆ ಕ್ಷಮೆ ಕೇಳಿ, ಮರ್ಯಾದೆಯಾಗಿ ಹೊರಟುಹೋದರು. ಅಷ್ಟೇ. ಬಂದದ್ದು ಸೋರುವ ನೀರಿಗಾಗಿ.

ನಾನು ಬಾಗಿಲಿಗೆ ಒರಗಿ ಕುಸಿದು ಕುಳಿತೆ. ಈಗ ಮಗಳು ನಗುತ್ತಾಳೆ, ‘ನೋಡ್ದ್ಯಾ, ಸುಮ್ನೆ ಹೆದರಿದೆ’ ಎಂದು ಹಂಗಿಸುತ್ತಾಳೆ ಎಂದು ಕಾದೆ. ಜಗಳವಾದರೂ ಆಡಲಿ ಎಂದು ಆಸೆಪಟ್ಟೆ. ಅವಳು ಅಡುಗೆಮನೆಗೆ ಹೋದಳು. ವಾಷಿಂಗ್ ಮಷೀನ್ ಎಳೆದ ಸದ್ದಾಯಿತು. ಡಬ್ಬ ಎಲ್ಲಿದೆಯೆಂದು ಅವಳಿಗೆ ಗೊತ್ತಿತ್ತು. ನಾಲ್ಕು ಹುಡುಗರನ್ನೂ ಬಕೆಟ್ಟಿನ ನೀರಿಗೆ ಹಾಕಿ, ಕೈಯಿಂದಲೇ ಕಲೆಸಿ ರಾಡಿ ಮಾಡಿದಳು. ಉಣ್ಣೆದಾರ ಆರಿಸಿ ಕಸಕ್ಕೆ ಎಸೆದಳು. ಬೇಡ ಬಿಡೇ ಅನ್ನಬೇಕೆನಿಸಿತು. ಅನ್ನಲಿಲ್ಲ.

ಕೈ ಒರೆಸಿಕೊಂಡು ಬಂದು ನನ್ನ ಪಕ್ಕ ನೆಲದ ಮೇಲೆ ಕುಳಿತಳು. ಫೋನು ತೆಗೆದು ಆ ಬ್ಯಾಂಡಿನ ಹಾಡು, ಚಿತ್ರ, ಗೆಳತಿಯರಿಗೆ ಬರೆದದ್ದು ಎಲ್ಲವನ್ನೂ ಒಂದೊಂದಾಗಿ ನನ್ನ ಮುಂದೆ ಹಿಡಿದಳು. “ಇದು ಇರಬಹುದಾ?” ಎಂದು ಕೇಳುವಳು. ತೆಗಿ ಎಂದರೆ ತೆಗೆಯುವಳು. ಎದುರು ಮಾತೇ ಇಲ್ಲ. ನನಗೆ ಬೇಕಾಗಿದ್ದುದು ಇದೇ ತಾನೇ?

ಕೊನೆಯಲ್ಲಿ ಒಂದು ಫೋಟೊ ಬಂತು. ಹಬ್ಬದ ಮೊದಲ ದಿನ ಅವಳಪ್ಪ ತೆಗೆದದ್ದು. ರೇಷ್ಮೆ ಲಂಗದಲ್ಲಿ, ಬೆರಳೆಲ್ಲ ಮಣ್ಣು ಮಾಡಿಕೊಂಡು, ಆ ಹಾಡುಗಾರನ ಹಾಗೇ ಮುಷ್ಟಿ ಎತ್ತಿ, ಹಲ್ಲೆಲ್ಲ ಕಾಣುವಂತೆ ನಗುತ್ತಾ ನಿಂತಿದ್ದಾಳೆ.

“ಇದೂನಾ ಅಮ್ಮಾ?”

ಹೊರಗೆ ಲಿಫ್ಟು ನಮ್ಮ ಮಹಡಿಗೆ ಬಂದು ನಿಂತ ಸದ್ದಾಯಿತು. ಇಬ್ಬರೂ ಉಸಿರು ಹಿಡಿದೆವು. ಹೆಜ್ಜೆಗಳು ಪಕ್ಕದ ಮನೆಯ ಕಡೆಗೆ ಹೋದವು.

“ಅದೂ ತೆಗಿ” ಅಂದೆ.